ಒಲೆಯ ಮುಂದೆ ನಿಂತ ಕ್ಯಾಮೆರಾ

ಬೆಂಗಳೂರು ದಂಡಿನ ಜಯಮಹಲ್ ರಸ್ತೆಯ ಬದಿಯಲ್ಲಿ, ವಾಹನಗಳ ಅವಿರತ ಪ್ರವಾಹದ ನಡುವೆ ಕಣ್ಣಿಗೆ ಬಿದ್ದೂ ಬೀಳದಂತೆ, ಮೈಸೂರು ಲ್ಯಾನ್ಸರ್ಸ್ ಅಶ್ವದಳದ ಸ್ಮಾರಕಸ್ತಂಭ ನಿಂತಿದೆ. ಮೊದಲನೆಯ ಮಹಾಯುದ್ಧದಲ್ಲಿ ಪ್ಯಾಲೆಸ್ಟೈನಿನವರೆಗೂ ಸಾಗಿ, 1918ರ ಸೆಪ್ಟೆಂಬರ್ 23ರಂದು ಜೋಧಪುರದ ಸವಾರರೊಡಗೂಡಿ ಹೈಫಾ ಪಟ್ಟಣವನ್ನು ಗೆದ್ದ ನಮ್ಮ ನಾಡಿನ ಯೋಧರ ಪರಾಕ್ರಮವನ್ನು ಅದು ಸ್ಮರಿಸುತ್ತದೆ. ಆದರೆ ಅಂದು ಹೈಫಾದ ಮನೆಗಳಲ್ಲಿ ಒಲೆ ಹೊತ್ತಿತೇ, ಮಕ್ಕಳನ್ನು ತಾಯಂದಿರು ಎಲ್ಲಿ ಬಚ್ಚಿಟ್ಟರು, ಕೂಲಿಯವನು ಏನುಂಡು ಮಲಗಿದನು ಎಂಬುದನ್ನು ಹೇಳುವ ಸಾಮರ್ಥ್ಯ ಯಾವ ಶಿಲೆಗೂ ಇಲ್ಲ. ಅಂಥ ಸ್ಮೃತಿಯನ್ನು ಕಾಪಿಡುವ ಭಾರವನ್ನು ನಮ್ಮ ಕಾಲದಲ್ಲಿ ಸಾಕ್ಷ್ಯಚಿತ್ರಕಾರರು ಹೊತ್ತಿದ್ದಾರೆ.

ಅದೇ ಪ್ಯಾಲೆಸ್ಟೈನಿನ ಬಿಲಿನ್ ಗ್ರಾಮದ ರೈತ ಎಮಾದ್ ಬುರ್ನಾತ್ 2005ರಲ್ಲಿ ಕ್ಯಾಮೆರಾ ಕೊಂಡದ್ದು ತಮ್ಮ ನಾಲ್ಕನೆಯ ಮಗನ ಬಾಲ್ಯವನ್ನು ಚಿತ್ರಿಸಿಡಬೇಕೆಂಬ ಆಸೆಯಿಂದ. ಊರಿನ ಜಮೀನನ್ನು ಸೀಳಿಕೊಂಡು ಇಸ್ರೇಲಿನ ತಡೆಬೇಲಿ ಎದ್ದಾಗ, ಕೂಸು ಬೆಳೆಯುವ ಕಥೆಯೂ ನೆಲ ಕಳೆದುಕೊಳ್ಳುವ ಕಥೆಯೂ ಒಂದರೊಳಗೊಂದು ಹೆಣೆದುಕೊಂಡವು. ಇಸ್ರೇಲಿನ ಗೈ ದವೀದಿಯವರೊಡನೆ ಸೇರಿ ಅವರು ನಿರ್ದೇಶಿಸಿದ ‘ಫೈವ್ ಬ್ರೋಕನ್ ಕ್ಯಾಮೆರಾಸ್’ 2013ರ ಆಸ್ಕರ್ ಪ್ರಶಸ್ತಿಗೆ ನಾಮನಿರ್ದೇಶನಗೊಂಡಿತು.

ಈ ದಾರಿಯನ್ನು ಬೆಂಗಳೂರಿನವರು ಇದಕ್ಕೂ ಬಹಳ ಹಿಂದೆಯೇ ಹಿಡಿದಿದ್ದರೆಂಬ ಸಂಗತಿ ಬೆಂಗಳೂರಿನಲ್ಲಿಯೇ ಅಷ್ಟಾಗಿ ಪ್ರಚುರವಾಗಿಲ್ಲವೆಂಬುದು ವಿಷಾದದ ಮಾತು. 1980ರಲ್ಲಿ ದೀಪಾ ಧನರಾಜ್, ಆಭಾ ಭೈಯಾ, ಮೀರಾ ರಾವ್, ಛಾಯಾಗ್ರಾಹಕ ನವ್ರೋಜ್ ಕಾಂಟ್ರಾಕ್ಟರ್ ಇವರು ಕೂಡಿ ‘ಯುಗಾಂತರ್’ ಎಂಬ ಚಿತ್ರಬಳಗವನ್ನು ಕಟ್ಟಿದರು. ಪುಣೆಯ ಮನೆಗೆಲಸದ ಹೆಂಗಸರನ್ನು ಕುರಿತ ಮೊದಲ ಚಿತ್ರವಾದ ಮೇಲೆ ಅವರು ಹೊರಟದ್ದು ನಮ್ಮ ಗಡಿಯ ನಿಪ್ಪಾಣಿಗೆ. ಅಲ್ಲಿನ ಹೊಗೆಸೊಪ್ಪಿನ ಕಾರ್ಖಾನೆಗಳಲ್ಲಿ ಸಾವಿರಾರು ಹೆಂಗಸರು ಘಾಟು ಧೂಳನ್ನು ದಿನವಿಡೀ ಉಸಿರಾಡುತ್ತ ಅಲ್ಪ ಕೂಲಿಗೆ ದುಡಿಯುತ್ತಿದ್ದರು. ಸಂಘ ಕಟ್ಟಿ ಮುಷ್ಕರ ಹೂಡಿದ್ದರು. ಬಳಗದವರು ತಿಂಗಳುಗಟ್ಟಲೆ ಅವರ ನಡುವೆ ಇದ್ದು, ಅವರ ಮಾತನ್ನು ಕಿವಿಗೊಟ್ಟು ಕೇಳಿ, ಚಿತ್ರದ ಕಥನವನ್ನೇ ಅವರ ಕೈಗೊಪ್ಪಿಸಿದರು. ತಾವು ನಡೆಸಿದ ಹೋರಾಟವನ್ನು ಆ ಹೆಂಗಸರು ಕ್ಯಾಮೆರಾದೆದುರು ತಾವೇ ಮತ್ತೊಮ್ಮೆ ಅಭಿನಯಿಸಿ ತೋರಿಸಿದರು. 1982ರ ‘ತಂಬಾಕು ಚಾಕಿಲಾ ಊಬ್ ಆಲಿ’ ಹುಟ್ಟಿದ್ದು ಹೀಗೆ.

ಮರುವರ್ಷ ಹೈದರಾಬಾದಿನ ಸ್ತ್ರೀಶಕ್ತಿ ಸಂಘಟನೆಯೊಡನೆ, ಮನೆಯೊಳಗಿನ ಹಿಂಸೆಯನ್ನು ಕುರಿತು ‘ಇದಿ ಕಥಾ ಮಾತ್ರಮೇನಾ’ ಸಿದ್ಧವಾಯಿತು. 1984ರಲ್ಲಿ ಎನ್.ಟಿ. ರಾಮರಾಯರ ಸರ್ಕಾರವನ್ನು ಉರುಳಿಸಿದ ರಾಜಕೀಯ ಕ್ಷೋಭೆಯ ನಡುವೆ, ಗಣೇಶೋತ್ಸವದ ಮೆರವಣಿಗೆಯ ಹೊತ್ತಿಗೆ, ಹೈದರಾಬಾದಿನ ಹಳೆಯ ಪಟ್ಟಣ ಕೋಮುದಳ್ಳುರಿಗೆ ಸಿಕ್ಕಿತು. ಕರ್ಫ್ಯೂವಿನಲ್ಲಿ ದುಡಿಮೆ ಕಳೆದುಕೊಂಡ ಬಡವರ ಅನ್ನದ ಚಿಂತೆ, ತಮ್ಮವರನ್ನು ಕಳೆದುಕೊಂಡವರ ಒಡಲುರಿ, ವೇದಿಕೆಗಳಿಂದ ನಾಯಕರು ಮಾಡಿದ ಉದ್ರೇಕದ ಭಾಷಣ, ಇವೆಲ್ಲವನ್ನೂ ಒಂದೆಡೆ ಇಟ್ಟು, ಗಲಭೆಯೆಂಬುದು ಆಕಸ್ಮಿಕವಾಗಿ ಏಳುವ ಬಿರುಗಾಳಿಯಲ್ಲವೆಂದು ತೋರಿಸಿದ ದೀಪಾ ಅವರ ‘ಕ್ಯಾ ಹುವಾ ಇಸ್ ಶಹರ್ ಕೋ’ 1986ರಲ್ಲಿ ಹೊರಬಂದಿತು. ನಿಪ್ಪಾಣಿಯಲ್ಲಿ ಕಲಿತ ತಾಳ್ಮೆಯಿಲ್ಲದಿದ್ದರೆ ಹೈದರಾಬಾದಿನ ಆ ಬಾಗಿಲುಗಳು ತೆರೆಯುತ್ತಿರಲಿಲ್ಲವೆಂದೇ ನನ್ನ ದೃಢವಾದ ಅಭಿಪ್ರಾಯ. ಕಾಲಾಂತರದಲ್ಲಿ ಬರ್ಲಿನ್ನಿನ ಆರ್ಸೆನಲ್ ಸಂಸ್ಥೆ ಆ ಚಿತ್ರವನ್ನು ಡಿಜಿಟಲ್ ರೂಪಕ್ಕೆ ತಂದು ಉಳಿಸಿತು.

ನಮ್ಮ ಪೂರ್ವ ಬೆಂಗಳೂರಿಗೂ ಇಂಥ ದಿನಗಳು ಬಂದಿವೆ. 2020ರ ಫೆಬ್ರುವರಿಯಲ್ಲಿ ಟ್ಯಾನರಿ ರಸ್ತೆಯ ಬಿಲಾಲ್ ಬಾಗ್‌ನಲ್ಲಿ ಪೌರತ್ವ ತಿದ್ದುಪಡಿ ಕಾಯ್ದೆಯನ್ನು ವಿರೋಧಿಸಿ ಹೆಂಗಸರು ಹಗಲಿರುಳು ಧರಣಿ ಕುಳಿತರು. ಅದೇ ವರ್ಷದ ಆಗಸ್ಟ್ 11ರ ರಾತ್ರಿ ದೇವರ ಜೀವನಹಳ್ಳಿ, ಕಾಡುಗೊಂಡನಹಳ್ಳಿಗಳಲ್ಲಿ ಬೆಂಕಿಯೆದ್ದು, ಗುಂಡು ಹಾರಿ, ಪ್ರಾಣಗಳು ಹೋದವು. ಮಹಾಮಾರಿಯ ಕಾಲದಲ್ಲಿ ಕರ್ಫ್ಯೂ ಬೇರೆ ಬಂದು ಕೂಡಿತು. ಉರಿಯುವ ವಾಹನಗಳ ಚಿತ್ರಗಳನ್ನು ನಾವೆಲ್ಲರೂ ಕಂಡೆವು. ಮಾರನೆಯ ಬೆಳಗ್ಗೆ ಹಾಲಿಗೆ ಹೊರಟ ಮುದುಕಿಯನ್ನು, ಅಂಗಡಿಯ ಬೂದಿಯನ್ನು ಗುಡಿಸಿದವನನ್ನು, ಠಾಣೆಯ ಮುಂದೆ ಮಗನಿಗಾಗಿ ಕಾದ ತಾಯಿಯನ್ನು ಕಂಡವರು ಎಷ್ಟು ಜನ? ಶಿವಾಜಿನಗರದಿಂದ ಕೆ.ಆರ್. ಪುರದವರೆಗೆ ಕೈಯಲ್ಲಿ ಫೋನು ಹಿಡಿದ ತರುಣ ತರುಣಿಯರಲ್ಲಿ ನನ್ನ ಪ್ರಾರ್ಥನೆ ಇಷ್ಟೇ: ಯುಗಾಂತರದ ಚಿತ್ರಗಳನ್ನು ಒಮ್ಮೆ ನೋಡಿ, ಬಳಿಕ ನಿಮ್ಮ ಬೀದಿಯ ಹಿರಿಯರ ಬಳಿ ಕುಳಿತು, ಅವಸರಪಡದೆ, ಆ ದಿನಗಳನ್ನು ಕೇಳಿ ದಾಖಲಿಸಿರಿ.