ಗುಟ್ಟು ಯಾರ ಹತ್ತಿರ ಇರಬೇಕು?

ಗುಟ್ಟಿನ ಕಥೆಯನ್ನು ಸಿನಿಮಾ ಎರಡು ಬಗೆಯಲ್ಲಿ ಹೇಳಬಲ್ಲದು. ನೋಡುವವರಿಂದಲೂ ಗುಟ್ಟನ್ನು ಮುಚ್ಚಿಡುವುದು ಒಂದು. ನೋಡುವವರಿಗೆ ಮೊದಲೇ ಹೇಳಿ, ಪಾತ್ರಗಳನ್ನು ಕತ್ತಲಲ್ಲಿಡುವುದು ಇನ್ನೊಂದು. ಮೊದಲನೆಯದನ್ನು ಕಲಿಯಲು ಅಕಿರಾ ಕುರೊಸಾವಾ 1950ರಲ್ಲಿ ತೆಗೆದ ‘ರಾಶೋಮನ್’ ನೋಡಬೇಕು. ಬರೀ 88 ನಿಮಿಷದ ಚಿತ್ರ. ಎರಡನೆಯದಕ್ಕೆ ಧಾರವಾಡದವರು ದೂರ ಹೋಗಬೇಕಿಲ್ಲ, ಗಿರೀಶ ಕಾರ್ನಾಡರ ‘ನಾಗಮಂಡಲ’ ಇದೆ.

‘ರಾಶೋಮನ್’ನಲ್ಲಿ ಕಾಡಿನಲ್ಲೊಬ್ಬ ಸಮುರಾಯಿ ಸತ್ತುಬಿದ್ದಿದ್ದಾನೆ. ಡಕಾಯಿತ, ಸತ್ತವನ ಹೆಂಡತಿ, ಮೈದುಂಬಿದವಳ ಬಾಯಲ್ಲಿ ಸತ್ತವನು, ಹೀಗೆ ಮೂವರು ಸಾಕ್ಷಿ ನುಡಿಯುತ್ತಾರೆ. ತಪ್ಪಿಸಿಕೊಳ್ಳಲು ಸುಳ್ಳು ಹೇಳುವವರನ್ನು ನಾವು ಬಲ್ಲೆವು. ಇಲ್ಲಿ ಡಕಾಯಿತ ‘ನಾನೇ ಕೊಂದೆ’ ಅನ್ನುತ್ತಾನೆ, ಹೆಂಡತಿ ತನ್ನ ಕೈಯಿಂದಲೇ ಆಗಿರಬೇಕು ಅನ್ನುತ್ತಾಳೆ, ಗಂಡ ಕಠಾರಿಯಿಂದ ತಾನೇ ಇರಿದುಕೊಂಡೆ ಅನ್ನುತ್ತಾನೆ. ಜೀವಕ್ಕಿಂತ ಮಾನ ದೊಡ್ಡದಾದಾಗ ಸುಳ್ಳು ಈ ರೂಪ ತಾಳುತ್ತದೆ. ಯಾರ ಮಾತನ್ನೂ ತಳ್ಳಿಹಾಕುವುದು ಕಷ್ಟವಾಗುತ್ತದೆ. ನ್ಯಾಯಾಧೀಶ ತೆರೆಯ ಮೇಲೆ ಬರುವುದೇ ಇಲ್ಲ, ಅವನ ದನಿಯೂ ಕೇಳುವುದಿಲ್ಲ. ಸಾಕ್ಷಿಗಳು ನಮ್ಮ ಕಡೆಗೇ ತಿರುಗಿ ಮಾತಾಡುತ್ತಾರೆ, ತೀರ್ಪು ನಮ್ಮ ಪಾಲಿಗೆ ಬೀಳುತ್ತದೆ. ಛಾಯಾಗ್ರಾಹಕ ಕಝುವೊ ಮಿಯಾಗಾವಾ ಕಾಡಿನೊಳಗಿಂದ ನೇರ ಸೂರ್ಯನತ್ತಲೇ ಕ್ಯಾಮೆರಾ ಎತ್ತಿದರು. ಮುಖಗಳ ಮೇಲೆ ಎಲೆಗಳ ನೆರಳು ಹಾಯುತ್ತಿರುತ್ತದೆ.

ಉಳಿದ ಸಾಕ್ಷಿ ಸೌದೆ ಕಡಿಯುವವ. ಇವನಿಗೆ ಇದರಲ್ಲಿ ಲಾಭವೂ ಇಲ್ಲ ನಷ್ಟವೂ ಇಲ್ಲ ಅಂದುಕೊಳ್ಳುವಷ್ಟರಲ್ಲಿ, ಬೆಲೆಬಾಳುವ ಕಠಾರಿಯನ್ನು ಕದ್ದವನು ಅವನೇ ಎಂಬ ಗುಮಾನಿ ಗಟ್ಟಿಯಾಗುತ್ತದೆ. ಹಾಗಿದ್ದೂ ಬಿಟ್ಟುಹೋದ ಕೂಸೊಂದನ್ನು ಭಿಕ್ಷುವೊಬ್ಬ ಅವನ ಕೈಗೇ ಒಪ್ಪಿಸುತ್ತಾನೆ. ಸತ್ಯ ಬಗೆಹರಿಯದಿದ್ದರೂ ಒಬ್ಬನನ್ನು ನಂಬುವ ಈ ಘಳಿಗೆಯೇ ಚಿತ್ರದ ನಿಜವಾದ ಧೈರ್ಯ ಎಂದು ನನ್ನ ಎಣಿಕೆ.

‘ನಾಗಮಂಡಲ’ ನಾಟಕದ ಬೇರು ಎ.ಕೆ. ರಾಮಾನುಜನ್ ಅವರಿಂದ ಕಾರ್ನಾಡರು ಕೇಳಿದ ಜನಪದ ಕಥೆಯಲ್ಲಿದೆ, 1997ರಲ್ಲಿ ಟಿ.ಎಸ್. ನಾಗಾಭರಣ ಅದನ್ನು ಉತ್ತರ ಕರ್ನಾಟಕದ ಮಾತಿನಲ್ಲೇ ಸಿನಿಮಾ ಮಾಡಿದರು. ರಾಣಿ ಎಂಬವಳ ಬಳಿಗೆ ಗಂಡನ ರೂಪದಲ್ಲಿ ರಾತ್ರಿ ಬರುವವನು ನಾಗ ಎಂಬುದು ನಮಗೆ ಗೊತ್ತು, ಊರಿಗೆ ಗೊತ್ತಿಲ್ಲ. ನಾಟಕದಲ್ಲಿ ರಾಣಿ ಪಂಚರೆದುರು ಹಾವನ್ನು ಹಿಡಿದು, ಗಂಡನನ್ನೂ ಈ ನಾಗನನ್ನೂ ಬಿಟ್ಟು ಬೇರಾರನ್ನೂ ಮುಟ್ಟಿಲ್ಲವೆಂದು ಆಣೆ ಮಾಡುತ್ತಾಳೆ. ಒಂದಕ್ಷರವೂ ಸುಳ್ಳಲ್ಲ. ಊರಿಗೆ ಅದು ಪವಾಡ. ನಾವು ಮಾತ್ರ ಗುಟ್ಟಿನ ಪಾಲುದಾರರಾಗಿ ಉಸಿರು ಬಿಗಿಹಿಡಿದು ಕೂತಿರುತ್ತೇವೆ.

‘ರಾಶೋಮನ್’ ಎರಡು ಸಲ ನೋಡಿ. ಎರಡನೇ ಸಲ ಸೌದೆ ಕಡಿಯುವವನನ್ನೇ ಗಮನಿಸಿ. ಸತ್ತವನ ಸಾಕ್ಷಿ ಮುಗಿದೊಡನೆ ‘ಕಠಾರಿ ಇರಲೇ ಇಲ್ಲ’ ಎಂದು ಅವನು ಯಾಕೆ ಅಷ್ಟು ಅವಸರಪಡುತ್ತಾನೆಂಬುದು ಆಗ ತಿಳಿಯುತ್ತದೆ.