ಹನ್ನೊಂದು ಪೈಸೆಯ ನೀರು

ಇವತ್ತು ನೀವು ಎಷ್ಟು ನೀರು ಕುಡಿದಿರಿ? ಕಾಫಿ, ಸಾರು, ಮಜ್ಜಿಗೆ ಎಲ್ಲ ಲೆಕ್ಕ ಹಿಡಿದರೂ 2 ಲೀಟರ್ ಆಸುಪಾಸು. ಆದರೆ ನಿಮ್ಮ ಕರುಳಿನ ಖಾತೆಯಲ್ಲಿ ಜಮೆಯಾಗಿರುವುದು ಸುಮಾರು 9 ಲೀಟರ್. ಮಿಕ್ಕ 7 ಲೀಟರ್ ದೇಹವೇ ತನ್ನ ಗಂಟಿನಿಂದ ಹಾಕಿದ್ದು. ಜೊಲ್ಲು 1 ಲೀಟರಿಗೂ ಮೇಲೆ, ಜಠರರಸ 2 ಲೀಟರ್, ಅದಕ್ಕೆ ಪಿತ್ತರಸ, ಮೇದೋಜೀರಕದ ರಸ, ಕರುಳಿನದೇ ಒಸರು. ಒಂದು ಸಣ್ಣ ಬಿಂದಿಗೆ ತುಂಬುವಷ್ಟು ನೀರು ದಿನವೂ ನಮ್ಮ ಹೊಟ್ಟೆಯೊಳಗೆ ಹರಿಯುತ್ತದೆ. ಅದರಲ್ಲಿ ಮಲದ ಜೊತೆ ಹೊರಗೆ ಹೋಗುವುದು 100ರಿಂದ 200 ಮಿಲಿಲೀಟರ್, ಅಂದರೆ ಒಂದು ಲೋಟ. ಉಳಿದದ್ದನ್ನೆಲ್ಲ ಕರುಳು ಹೀರಿ ರಕ್ತಕ್ಕೆ ಮರಳಿಸುತ್ತದೆ. ಬಿಂದಿಗೆಗೆ ಒಂದು ಲೋಟ ಮಾತ್ರ ಖರ್ಚು ಬರೆಯುವ ಇಂಥ ಜಿಪುಣ ಲೆಕ್ಕಿಗನನ್ನು ನಾವು ಮೂರು ಹೊತ್ತೂ ಹೊತ್ತು ತಿರುಗುತ್ತೇವೆ, ಒಮ್ಮೆಯೂ ನೆನೆಯುವುದಿಲ್ಲ.

ಲೆಕ್ಕ ತಪ್ಪಿದ ದಿನ ನೆನೆಯುತ್ತೇವೆ. ಕಾಲರಾದ ರೋಗಾಣು ಒಂದು ಮಿಲಿಮೀಟರನ್ನು ಸಾವಿರ ಭಾಗ ಮಾಡಿದರೆ ಅದರಲ್ಲಿ ಒಂದೆರಡು ಭಾಗದಷ್ಟು ಉದ್ದ. ಅದು ಉಗುಳುವ ವಿಷ ಕರುಳಿನ ಗೋಡೆಯ ಕೋಶಗಳಿಗೆ ಹೊಕ್ಕರೆ, ನೀರು ಒಳಗೆ ಹೋಗುವ ಬದಲು ಹೊರಗೆ ಸುರಿಯುತ್ತದೆ. ರೋಗ ಬಿರುಸಾದರೆ ಗಂಟೆಗೆ 1 ಲೀಟರ್. ಇನ್ನು ಮನೆಯ ಗಣಿತವೇ ಸಾಕು. 50 ಕಿಲೋ ತೂಗುವ ಮನುಷ್ಯ ತನ್ನ ತೂಕದ ಹತ್ತನೇ ಒಂದು ಭಾಗದಷ್ಟು ನೀರು ಕಳೆದುಕೊಂಡರೆ ಜೀವ ಹೋಗುವ ಸ್ಥಿತಿಗೆ ಬರುತ್ತಾನೆ. ಹತ್ತನೇ ಒಂದು ಭಾಗವೆಂದರೆ 5 ಲೀಟರ್. ಬೆಳಿಗ್ಗೆ 6ಕ್ಕೆ ಗಟ್ಟಿಮುಟ್ಟಾಗಿ ಎದ್ದವನು 11 ಗಂಟೆಗೆ ಕಣ್ಣು ಗುಳಿಬಿದ್ದು, ದನಿ ಕಟ್ಟಿ, ನಾಡಿ ಸಿಗದೆ ಮಲಗಿರಬಹುದು. 10 ಕಿಲೋದ ಮಗುವಿಗೆ 1 ಲೀಟರ್ ಹೋದರೂ ಅಷ್ಟೇ. ಊರಿಗೆ ಊರೇ ಖಾಲಿಯಾಗುತ್ತಿದ್ದುದು ಹೀಗೆ. ನಮ್ಮ ಹಿರಿಯರು ವಾಂತಿಭೇದಿ ಎಂಬ ಹೆಸರನ್ನು ದನಿ ತಗ್ಗಿಸಿ ಹೇಳುತ್ತಿದ್ದುದೂ ಅದಕ್ಕೇ.

ಹೋದದ್ದು ನೀರು, ಹಾಗಾದರೆ ಕೊಡಬೇಕಾದದ್ದೂ ನೀರೇ ಎಂದು ಯಾರಿಗೂ ಹೊಳೆಯಲಿಲ್ಲವೇ? ಹೊಳೆದಿತ್ತು. 1831ರಲ್ಲಿ ಕಾಲರಾ ಇಂಗ್ಲೆಂಡಿಗೆ ಕಾಲಿಟ್ಟಾಗ, ಇಪ್ಪತ್ತರ ಹರೆಯದ ಐರಿಷ್ ವೈದ್ಯ ವಿಲಿಯಂ ಓಶಾನೆಸಿ ರೋಗಿಗಳ ರಕ್ತ ಪರೀಕ್ಷಿಸಿ ಅದರಲ್ಲಿ ನೀರೂ ಉಪ್ಪೂ ಬತ್ತಿಹೋಗಿವೆ ಎಂದು ತೋರಿಸಿದ. ಮರುವರ್ಷವೇ ಸ್ಕಾಟ್ಲೆಂಡಿನ ಥಾಮಸ್ ಲಾಟ ಒಬ್ಬ ಮುದುಕಿಯ ರಕ್ತನಾಳಕ್ಕೆ ಉಪ್ಪುನೀರು ಹರಿಸಿದ. ಅರ್ಧ ಗಂಟೆಯಲ್ಲಿ 6 ಪೈಂಟ್, ನಮ್ಮ ಲೆಕ್ಕದಲ್ಲಿ ಮೂರು ಲೀಟರಿಗೂ ಮೇಲೆ. ಹೆಣದಂತೆ ಬಿದ್ದಿದ್ದವಳ ಮುಖಕ್ಕೆ ಕಳೆ ಬಂತು. ಆದರೆ ಅವನು ಆ ಕಡೆ ಹೋದ ಮೇಲೆ ಭೇದಿ ಮತ್ತೆ ಶುರುವಾಯಿತು, ನೀರು ಕೊಡುವುದು ನಿಂತಿತ್ತು, ಆಕೆ ಉಳಿಯಲಿಲ್ಲ. ಮರುವರ್ಷ ಲಾಟನೂ ತೀರಿಕೊಂಡ. ಓಶಾನೆಸಿ ಕಲ್ಕತ್ತೆಗೆ ಬಂದು ರಸಾಯನಶಾಸ್ತ್ರ ಕಲಿಸಿದ, ಆಮೇಲೆ ಭಾರತದ ಉದ್ದಗಲಕ್ಕೆ ಸುಮಾರು 4,000 ಮೈಲಿ ಟೆಲಿಗ್ರಾಫ್ ತಂತಿ ಎಳೆಸಿದ. ದೇಶದ ಸುದ್ದಿಯನ್ನೆಲ್ಲ ತಂತಿಯಲ್ಲಿ ಹರಿಸಿದವನ ಸ್ವಂತ ಸುದ್ದಿ ಮಾತ್ರ ವೈದ್ಯರ ಕಿವಿ ಮುಟ್ಟಲಿಲ್ಲ. ರೋಗಿಯಿಂದ ಇನ್ನಷ್ಟು ರಕ್ತ ಹೊರತೆಗೆಯುವುದು, ಪಾದರಸದ ಔಷಧಿ ಕೊಟ್ಟು ಇನ್ನಷ್ಟು ಭೇದಿ ಮಾಡಿಸುವುದು ದಶಕಗಳ ಕಾಲ ನಡೆದೇ ಇತ್ತು.

ಇಪ್ಪತ್ತನೇ ಶತಮಾನದಲ್ಲಿ ರಕ್ತನಾಳಕ್ಕೆ ಉಪ್ಪುನೀರು ಹರಿಸುವುದು ಆಸ್ಪತ್ರೆಯ ರೂಢಿಯಾಯಿತು. ನಾವು ‘ಗ್ಲೂಕೋಸ್ ಏರಿಸೋದು’ ಅನ್ನುತ್ತೇವಲ್ಲ, ಅದು. ಜೀವ ಉಳಿಯಿತು, ಹಾಸಿಗೆ ಸಿಕ್ಕವರದ್ದು. ಅದಕ್ಕೆ ಶುದ್ಧ ಮಾಡಿದ ಬಾಟಲಿ ಬೇಕು, ಸೂಜಿ ಬೇಕು, ಬತ್ತಿದ ನಾಳ ಹುಡುಕಬಲ್ಲ ಕೈ ಬೇಕು. ಬಾಯಲ್ಲಿ ಕುಡಿಸಿದರೆ ಆಗದೇ? ಆಗದು ಎಂದೇ ಬಹುಪಾಲು ವೈದ್ಯರು ನಂಬಿದ್ದರು. ಹಾಳಾದ ಕರುಳು ಏನನ್ನು ತಾನೇ ಹೀರೀತು? 1953ರಲ್ಲಿ ಕಲ್ಕತ್ತೆಯ ಹೇಮೇಂದ್ರನಾಥ ಚಟರ್ಜಿ 186 ರೋಗಿಗಳಿಗೆ ಉಪ್ಪು, ಗ್ಲೂಕೋಸ್ ಬೆರೆಸಿದ ನೀರು ಕುಡಿಸಿ ಗುಣಪಡಿಸಿದ್ದನ್ನು ಬರೆದರು. ಲಂಡನ್ನಿನ ‘ಲ್ಯಾನ್ಸೆಟ್’ ಪತ್ರಿಕೆ ಅದನ್ನು ಪ್ರಕಟಿಸಿತು, ಲೋಕ ಓದಿ ಪುಟ ಮಗುಚಿತು.

ಒಗಟು ಬಿಡಿಸಿದ್ದು ಒಂದಕ್ಕೊಂದು ಸಂಬಂಧವಿಲ್ಲದ ಎರಡು ಊರುಗಳು. 1959ರಲ್ಲಿ ಕಲ್ಕತ್ತೆಯ ಶಂಭುನಾಥ ಡೇ, ಮೊಲದ ಕರುಳಿನ ತುಂಡನ್ನು ಎರಡೂ ಕಡೆ ಕಟ್ಟಿ ಪ್ರಯೋಗ ಮಾಡಿ, ನೀರು ಸುರಿಸುವುದು ರೋಗಾಣು ಬಿಡುವ ವಿಷ ಎಂದು ತೋರಿಸಿದರು. 1960ರಲ್ಲಿ ಪ್ರಾಗ್ ನಗರದಲ್ಲಿ ರಾಬರ್ಟ್ ಕ್ರೇನ್ ಎಂಬ ಅಮೆರಿಕನ್ ಜೀವರಸಾಯನ ವಿಜ್ಞಾನಿ ಇನ್ನೊಂದು ಸಂಗತಿ ಮಂಡಿಸಿದ. ಕರುಳಿನ ಗೋಡೆಯಲ್ಲಿ ಸಕ್ಕರೆಗೂ ಉಪ್ಪಿಗೂ ಜೋಡಿ ಬಾಗಿಲೊಂದಿದೆ. ಗ್ಲೂಕೋಸ್ ಜೊತೆಗಿದ್ದರೆ ಉಪ್ಪಿನ ಸೋಡಿಯಂ ಒಳಗೆ ನಡೆಯುತ್ತದೆ, ಉಪ್ಪು ಹೋದ ದಾರಿಯಲ್ಲಿ ನೀರೂ ಹೋಗುತ್ತದೆ. ಕಾಲರಾದ ವಿಷ ಹಿತ್ತಿಲ ಬಾಗಿಲನ್ನು ಹಾರುಹೊಡೆದು ನೀರು ಸುರಿಸುತ್ತದೆ, ಈ ಮುಂಬಾಗಿಲನ್ನು ಮುಟ್ಟುವುದೇ ಇಲ್ಲ. ತೊಟ್ಟಿಯ ತೂತು ಮುಚ್ಚದಿದ್ದರೂ ಚಿಂತೆಯಿಲ್ಲ, ಸೋರುವಷ್ಟನ್ನು ಮೇಲಿನಿಂದ ಸುರಿಯುತ್ತಿದ್ದರೆ ರೋಗ ತಾನಾಗಿ ಹೋಗುವ ತನಕ ತೊಟ್ಟಿ ಬತ್ತದು. ಅಳತೆ ಮಾತ್ರ ತಪ್ಪಬಾರದು. 1962ರಲ್ಲಿ ಮನಿಲಾದಲ್ಲಿ ಅಮೆರಿಕದ ನೌಕಾಪಡೆಯ ವೈದ್ಯ ರಾಬರ್ಟ್ ಫಿಲಿಪ್ಸ್ ಕೊಟ್ಟ ದ್ರಾವಣ ಗಾಢವಾಗಿ, ಪ್ರಯೋಗದಲ್ಲಿ 5 ಮಂದಿ ಸತ್ತರು. ಆ ಸಾವುಗಳು ಅವರನ್ನು ಬಹುಕಾಲ ಕಾಡಿದವು. 1968ರಲ್ಲಿ ಢಾಕಾದ ಕಾಲರಾ ಪ್ರಯೋಗಾಲಯದಲ್ಲಿ, ಫಿಲಿಪ್ಸ್ ಅವರೇ ಮುಖ್ಯಸ್ಥರಾಗಿದ್ದಾಗ, ಡೇವಿಡ್ ನಾಲಿನ್ ಮತ್ತು ರಿಚರ್ಡ್ ಕ್ಯಾಶ್ ಎಂಬ ಇಬ್ಬರು ಎಳೆಯ ವೈದ್ಯರು ಸುರಿದ ನೀರನ್ನು ಅಳೆದು ಅಷ್ಟೇ ಕುಡಿಸಿ ಗೆದ್ದರು. ಓಶಾನೆಸಿಯ ರಕ್ತಪರೀಕ್ಷೆಯಿಂದ ಲೆಕ್ಕ ಹಾಕಿದರೆ 137 ವರ್ಷ.

ಆಸ್ಪತ್ರೆಯಲ್ಲಿ ಗೆದ್ದದ್ದು ಕೆಸರಲ್ಲೂ ಗೆಲ್ಲಬಲ್ಲುದೇ? 1971 ಆ ಪ್ರಶ್ನೆ ಕೇಳಿತು. ಬಾಂಗ್ಲಾ ವಿಮೋಚನೆಯ ಯುದ್ಧಕ್ಕೆ ಹೆದರಿ ಸುಮಾರು 1 ಕೋಟಿ ಜನ ಗಡಿ ದಾಟಿ ಭಾರತಕ್ಕೆ ಬಂದರು. ಮಳೆಗಾಲ, ಶಿಬಿರ, ಕಾಲರಾ. ಗಡಿಯ ಬನಗಾಂವ್ ಆಸ್ಪತ್ರೆಯಲ್ಲಿ ಕಾಲರಾ ರೋಗಿಗಳಿಗಿದ್ದದ್ದು ಎರಡು ಕೋಣೆ. ಮಂಚ ತುಂಬಿ, ನೆಲ ತುಂಬಿ, ರೋಗಿಗಳು ಹೊರಗೂ ಮಲಗಿದ್ದರು. ಜೂನ್ ಕೊನೆಯಲ್ಲಿ ಅಲ್ಲಿಗೆ ಹೋದ ಡಾ. ದಿಲೀಪ್ ಮಹಲನಬಿಸ್, ನೆಲದ ಮೇಲಿದ್ದವರಿಗೆ ಸೂಜಿ ಚುಚ್ಚಬೇಕಾದರೆ ಮಲ ವಾಂತಿಗಳ ನಡುವೆ ಮೊಣಕಾಲೂರಿ ಕೂರಬೇಕಿತ್ತು. ಕೆಲವೇ ದಿನಗಳಲ್ಲಿ ಬಾಟಲಿಗಳು ಮುಗಿಯುವ ಲಕ್ಷಣ ಕಂಡಿತು.

ಅವರು ತೆಗೆದುಕೊಂಡ ನಿರ್ಧಾರದ ಪಾಕವಿಧಾನ ಇಷ್ಟೇ: 1 ಲೀಟರ್ ನೀರಿಗೆ 22 ಗ್ರಾಂ ಗ್ಲೂಕೋಸ್, 3.5 ಗ್ರಾಂ ಅಡುಗೆ ಉಪ್ಪು, 2.5 ಗ್ರಾಂ ಅಡುಗೆ ಸೋಡಾ. ಖರ್ಚು ಲೀಟರಿಗೆ 11 ಪೈಸೆ. ಕಲ್ಕತ್ತೆಯಲ್ಲಿ ಪ್ಲಾಸ್ಟಿಕ್ ಚೀಲಗಳಿಗೆ ಪುಡಿ ತೂಗಿ ತುಂಬಿ, ಬಾಯಿಗೆ ಇಸ್ತ್ರಿಪೆಟ್ಟಿಗೆ ಒತ್ತಿ ಮುಚ್ಚಿದರು. ಬನಗಾಂವ್‌ನಲ್ಲಿ ನಲ್ಲಿಯಿರುವ ಡ್ರಮ್ಮುಗಳಲ್ಲಿ ಕಲಸಿಟ್ಟರು. ಕುಡಿಸುವವರು ಯಾರು? ತಾಯಿ, ಅಣ್ಣ, ಗಂಡ, ಜೊತೆಗೆ ಬಂದವರು ಯಾರಾದರೂ. ಸಲೈನ್ ಎಂದರೆ ಸೂಜಿಯಲ್ಲೇ ಬರಬೇಕೆಂದು ಜನ ನಂಬಿದ್ದರಿಂದ, ಮಹಲನಬಿಸ್ ಇದನ್ನು ‘ಬಾಯಿಯ ಸಲೈನ್’ ಎಂದು ಕರೆದರು. ಆ ಹೆಸರು ಕೇಳಿದ ಮೇಲೆಯೇ ಲೋಟ ತುಟಿಗೆ ಹತ್ತಿದ್ದು. ಎರಡು ತಿಂಗಳಲ್ಲಿ 3,000ಕ್ಕೂ ಹೆಚ್ಚು ರೋಗಿಗಳು. ಶಿಬಿರಗಳಲ್ಲಿ ನೂರಕ್ಕೆ 30ರಷ್ಟಿದ್ದ ಸಾವು 3.6ಕ್ಕೆ ಇಳಿಯಿತು. ಸಾವಿರ ಮಂದಿಯಲ್ಲಿ 300 ಹೆಣಗಳ ಜಾಗದಲ್ಲಿ 36. ಈ ನಡುವೆ ಬಂದ ಹೊಸ ವಸ್ತು ಒಂದು ಲೋಟ.

ಲೋಟವನ್ನು ಆಸ್ಪತ್ರೆಯ ಅಂಗಳದಿಂದ ಅಡುಗೆಮನೆಗೆ ಒಯ್ದದ್ದು ಬಾಂಗ್ಲಾದೇಶದ ಬ್ರಾಕ್ ಸಂಸ್ಥೆ. ಪೊಟ್ಟಣ ತಲುಪದ ಹಳ್ಳಿಗೆ ಅಳತೆಯನ್ನು ಕೈಯಲ್ಲೇ ಒಯ್ಯೋಣ ಎಂದಿತು. ಅರ್ಧ ಸೇರು ನೀರು, ಒಂದು ಹಿಡಿ ಬೆಲ್ಲ, ಮೂರು ಬೆರಳಿನ ಒಂದು ಚಿಟಿಕೆ ಉಪ್ಪು. ಚಿಟಿಕೆ ಎಷ್ಟು ದೊಡ್ಡದು? ತೋರುಬೆರಳಿನ ಮೊದಲ ಗೆಣ್ಣಿನ ಗೆರೆ ಮುಟ್ಟುವಷ್ಟು. ಹೆಚ್ಚು ಓದಿರದ ಹೆಂಗಸರನ್ನೇ ಶಿಕ್ಷಕಿಯರನ್ನಾಗಿ ಮಾಡಿ ಮನೆಮನೆಗೆ ಕಳಿಸಿತು. ತಾಯಂದಿರು ಅವರ ಎದುರೇ ಕಲಸಿ ತೋರಿಸಬೇಕು, ಹತ್ತು ಮಾತು ನೆನಪಿಟ್ಟುಕೊಳ್ಳಬೇಕು. ಕೆಲವು ವಾರ ಬಿಟ್ಟು ಬೇರೊಬ್ಬರು ಬಂದು ಆ ತಾಯಂದಿರನ್ನು ಕೇಳುತ್ತಿದ್ದರು. ಅವರಿಗೆ ಎಷ್ಟು ನೆನಪಿದೆಯೋ ಅದರ ಮೇಲೆ ಶಿಕ್ಷಕಿಯ ಸಂಬಳ. ಮೊದಮೊದಲು ತಾಯಂದಿರು ಚೆನ್ನಾಗಿ ಕಲಿತರು, ಮಗುವಿಗೆ ಭೇದಿಯಾದಾಗ ಕುಡಿಸಲಿಲ್ಲ. ಕಾರಣ ಹುಡುಕಿದರೆ, ಕಲಿಸುವವರಿಗೇ ಈ ಬೆಲ್ಲದ ನೀರಿನ ಮೇಲೆ ನಂಬಿಕೆಯಿರಲಿಲ್ಲ. ತಮಗೆ ಭೇದಿಯಾದರೆ ಮಾತ್ರೆ ನುಂಗುತ್ತಿದ್ದರು. ಆಮೇಲೆ ಅವರಿಗೇ ಇದರ ಒಳಗುಟ್ಟು ತಿಳಿಸಿಕೊಟ್ಟರು, ಸಂತೆಯಲ್ಲೂ ಮಸೀದಿಯಲ್ಲೂ ಗಂಡಸರ ಜೊತೆ ಮಾತಾಡಿದರು. 1980ರಿಂದ 1990ರವರೆಗೆ ಹತ್ತು ವರ್ಷದಲ್ಲಿ ಮುಟ್ಟಿದ ಮನೆಗಳು 1 ಕೋಟಿ 20 ಲಕ್ಷಕ್ಕೂ ಹೆಚ್ಚು. ದಿನಕ್ಕೆ 3,000ಕ್ಕೂ ಮೇಲೆ ಮನೆಗಳ ಬಾಗಿಲು ತಟ್ಟಿದ ಲೆಕ್ಕ, ಒಂದು ದಿನವೂ ರಜೆಯಿಲ್ಲದೆ.

ಈಗ ದೊಡ್ಡ ಸಂಖ್ಯೆಗಳಿಗೆ ಬರೋಣ. 1980ರ ಸುಮಾರಿಗೆ ಬಡದೇಶಗಳಲ್ಲಿ ಐದು ವರ್ಷದೊಳಗಿನ ಮಕ್ಕಳಲ್ಲಿ ಭೇದಿಯಿಂದ ಸಾಯುತ್ತಿದ್ದವರು ವರ್ಷಕ್ಕೆ 46 ಲಕ್ಷ ಎಂದು ಅಂದಾಜು. ದಿನಕ್ಕೆ 12,600. ಇಂದು ಜಗತ್ತಿನ ಜನಸಂಖ್ಯೆ ಹೆಚ್ಚುಕಡಿಮೆ ಇಮ್ಮಡಿಯಾಗುತ್ತ ಬಂದಿದೆ, ಆ ಸಾವು ವರ್ಷಕ್ಕೆ 4.4 ಲಕ್ಷದ ಹತ್ತಿರಕ್ಕೆ ಇಳಿದಿದೆ. ಶುದ್ಧ ನೀರು, ಶೌಚಾಲಯ, ಲಸಿಕೆಗಳ ಪಾಲೂ ಇದರಲ್ಲಿ ಇದೆ. ಆದರೂ ಈ ಉಪ್ಪು ಸಕ್ಕರೆಯ ನೀರೊಂದರಿಂದಲೇ 5 ಕೋಟಿಗೂ ಹೆಚ್ಚು ಜೀವ ಉಳಿದಿದೆ ಎಂದು ತಜ್ಞರು ಲೆಕ್ಕ ಹಾಕಿದ್ದಾರೆ. 2011ರ ಜನಗಣತಿಯಲ್ಲಿ ಕರ್ನಾಟಕದ ಜನ 6.11 ಕೋಟಿ. ಬೀದರಿನಿಂದ ಚಾಮರಾಜನಗರದವರೆಗೆ ಬಸ್ಸಿನಲ್ಲಿ ಹೋಗುತ್ತ, ದಾರಿಯಲ್ಲಿ ಕಂಡವರಲ್ಲಿ ಆರಕ್ಕೆ ಐವರನ್ನು ಎಣಿಸುತ್ತ ಬನ್ನಿ, ಆ ಸಂಖ್ಯೆಯ ಅಂದಾಜು ಸಿಗುತ್ತದೆ.

ಹಾಗಾದರೆ ಉಳಿದ 4.4 ಲಕ್ಷ? ಸುಮಾರು 70 ಸೆಕೆಂಡಿಗೆ ಒಂದು ಮಗು. ನಮ್ಮಲ್ಲಂತೂ ಮದ್ದು ಸಿಗದ ಊರು ಕಡಿಮೆ. ಓಆರ್‌ಎಸ್ ಎಂಬ ಹೆಸರಿನ ಈ ಉಪ್ಪು ಸಕ್ಕರೆಯ ಪುಡಿಯ ಪೊಟ್ಟಣ ಬಹುತೇಕ ಮೆಡಿಕಲ್ ಶಾಪುಗಳಲ್ಲಿ ಇದೆ, ಆಶಾ ಕಾರ್ಯಕರ್ತೆಯರ ಚೀಲದಲ್ಲೂ ಇದೆ. ಈಗ ಒಂದು ಲೀಟರಿಗೆ ಕಲಸುವ ಪುಡಿಯ ತೂಕ 20.5 ಗ್ರಾಂ. ಆದರೂ 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ಭಾರತದಲ್ಲಿ ಭೇದಿಯಾದ ಮಕ್ಕಳಲ್ಲಿ ಅದನ್ನು ಕುಡಿದವರು ನೂರಕ್ಕೆ 60.6 ಮಾತ್ರ. ಹತ್ತರಲ್ಲಿ ನಾಲ್ಕು ಮಕ್ಕಳಿಗೆ ಸಿಗಲಿಲ್ಲ.

ಯಾಕೆಂದು ತಿಳಿಯಲು ಸಂಶೋಧಕರು ಬಂದದ್ದು ನಮ್ಮಲ್ಲಿಗೇ. ಕರ್ನಾಟಕ ಮತ್ತು ಬಿಹಾರದ 253 ಪಟ್ಟಣಗಳಲ್ಲಿ 2,000ಕ್ಕೂ ಹೆಚ್ಚು ಖಾಸಗಿ ಚಿಕಿತ್ಸಕರ ಬಳಿಗೆ ತರಬೇತಿ ಪಡೆದ ನಟರು ಮಗುವಿನ ಕಡೆಯವರಂತೆ ಹೋದರು. ಮನೆಯಲ್ಲಿ ಎರಡು ವರ್ಷದ ಮಗುವಿಗೆ ಭೇದಿ ಎಂದರು. ಕೆಲವರು ಹಿಂದೆ ಓಆರ್‌ಎಸ್ ಕೊಟ್ಟಿದ್ದೆವೆಂದು ಫೋನಿನಲ್ಲಿ ಪೊಟ್ಟಣದ ಚಿತ್ರ ತೋರಿಸಿದರು, ಕೆಲವರು ಆಂಟಿಬಯಾಟಿಕ್ ಚಿತ್ರ ತೋರಿಸಿದರು, ಕೆಲವರು ಸುಮ್ಮನಿದ್ದರು. 2024ರಲ್ಲಿ ‘ಸೈನ್ಸ್’ ಪತ್ರಿಕೆಯಲ್ಲಿ ಬಂದ ಫಲಿತಾಂಶ ನಾವು ಎಣಿಸಿದಂತಿರಲಿಲ್ಲ. ದಾಸ್ತಾನು ಇಲ್ಲದ್ದರಿಂದ ಬರೆಯದೆ ಹೋದದ್ದು ನೂರಕ್ಕೆ 6ರಷ್ಟು, ಲಾಭದ ಆಸೆಯಿಂದ 5ರಷ್ಟು. ರೋಗಿಯ ಕಡೆಯವರಿಗೆ ಇದು ಬೇಡ ಎಂಬ ಊಹೆಯಿಂದ 42ರಷ್ಟು. ಡಾಕ್ಟರಿಗೆ ಗೊತ್ತಿದೆ. ಆದರೆ ಉಪ್ಪು ಸಕ್ಕರೆ ಪುಡಿ ಬರೆದುಕೊಟ್ಟರೆ ‘ಇಷ್ಟಕ್ಕಾ ಬಂದಿದ್ದು’ ಎಂದು ನಾವು ಮುಖ ಸಿಂಡರಿಸುತ್ತೇವೆ, ಒಂದು ಇಂಜೆಕ್ಷನ್ ಆದರೂ ಚುಚ್ಚದಿದ್ದರೆ ಮುಂದಿನ ಸಲ ಎದುರಿನ ಕ್ಲಿನಿಕ್ಕಿಗೆ ಹೋಗುತ್ತೇವೆ ಎಂಬ ಅಂಜಿಕೆ ಅವರದ್ದು.

1953ರಲ್ಲಿ ಲೋಕದ ವೈದ್ಯರು ಚಟರ್ಜಿಯವರ 186 ರೋಗಿಗಳನ್ನು ನಂಬಲಿಲ್ಲ. 1971ರಲ್ಲಿ ಶಿಬಿರದವರಿಗೆ ಸಲೈನ್ ಎಂಬ ಹೆಸರು ಬೇಕಾಯಿತು. 1980ರಲ್ಲಿ ಕಲಿಸಲು ಹೋದವರೇ ಬೆಲ್ಲದ ನೀರನ್ನು ಕೀಳಾಗಿ ಕಂಡರು. ಈಗ ಡಾಕ್ಟರು ನಮ್ಮ ಮುಖ ನೋಡಿ ಪೆನ್ನು ಹಿಡಿಯುತ್ತಾರೆ. ಎರಡು ಶತಮಾನದ ಈ ಕಥೆಯಲ್ಲಿ ಮದ್ದಿನ ಬೆಲೆ ಏರಿದ್ದರೆ ಬಹುಶಃ ನಂಬಿಕೆಯೂ ಬೇಗ ಬರುತ್ತಿತ್ತೇನೋ.

ಆ ಅಧ್ಯಯನದಲ್ಲಿ ಇನ್ನೊಂದು ಸಂಖ್ಯೆ ಇದೆ. ಮಗುವಿನ ಕಡೆಯವರು ತಾವೇ ಓಆರ್‌ಎಸ್ ಬಯಸಿದ ಕಡೆ, ಅದನ್ನು ಬರೆದುಕೊಟ್ಟವರ ಪ್ರಮಾಣ ನೂರಕ್ಕೆ 27 ಅಂಶದಷ್ಟು ಏರಿತು. ಅದಕ್ಕೆ ಹೊಸ ಯಂತ್ರ ಬೇಕಾಗಲಿಲ್ಲ, ಹೊಸ ಮಾತ್ರೆಯೂ ಬೇಕಾಗಲಿಲ್ಲ. ಮುಂದಿನ ಸಲ ಮಗುವನ್ನೆತ್ತಿಕೊಂಡು ಕ್ಲಿನಿಕ್ಕಿನ ಬೆಂಚಿನಲ್ಲಿ ಕೂತಾಗ, ನಮ್ಮ ಸರದಿ ಬಂದ ಮೇಲೆ, ಡಾಕ್ಟರು ಚೀಟಿ ಬರೆಯುವ ಮೊದಲು ಕೇಳಿದರಾಯಿತು: “ಓಆರ್‌ಎಸ್ ಕುಡಿಸಲಾ ಡಾಕ್ಟ್ರೇ?”