ಭೂ ಒಡೆತನದ ರುಜುವಾತು: ದಾನಶಾಸನದಿಂದ ಪಹಣಿಯವರೆಗೆ

ಭೂಮಿಯ ಹಕ್ಕನ್ನು ಸ್ಥಾಪಿಸುವ ಬರಹಗಳು ಕನ್ನಡದಲ್ಲಿ ಶಾಸನಗಳ ಕಾಲದಿಂದಲೂ ವಿಪುಲವಾಗಿ ದೊರೆಯುತ್ತವೆ. ಇವುಗಳನ್ನು ಭಾಷೆ ಮತ್ತು ಚರಿತ್ರೆಯ ಆಕರಗಳಾಗಿ ಓದಿರುವಷ್ಟು ರುಜುವಾತಿನ ಪತ್ರಗಳಾಗಿ ನಾವು ಓದಿಲ್ಲ. ಒಂದು ಭೂಮಿ ಇಂಥವರದೆಂದು ಸಾಧಿಸಲು ಮೂರು ಪ್ರಶ್ನೆಗಳಿಗೆ ಉತ್ತರ ಬೇಕು: ಅದು ಹೇಗೆ ಬಂದಿತು? ಅದು ಯಾವ ಭೂಮಿ? ಅದನ್ನು ಅನುಭವಿಸುತ್ತಿರುವವರು ಯಾರು? ಅಂದಿನ ಶಾಸನವೂ ಇಂದಿನ ನ್ಯಾಯಾಲಯವೂ ಎದುರಿಸುವುದು ಈ ಪ್ರಶ್ನೆಗಳನ್ನೇ.

ದಾನಶಾಸನಗಳಲ್ಲಿ ಬರುವ ‘ಧಾರಾಪೂರ್ವಕ’ ಎಂಬ ಮಾತು ಹಕ್ಕಿನ ಮೂಲವನ್ನು ತಿಳಿಸುತ್ತದೆ. ಕೆರೆ, ಮರ, ಬೆಟ್ಟಗಳನ್ನು ಹೆಸರಿಸುವ ಚತುಸ್ಸೀಮೆಯ ವಿವರ ಭೂಮಿಯನ್ನು ಗುರುತಿಸುತ್ತದೆ. ಲಿಂಗಮುದ್ರೆ, ವಾಮನಮುದ್ರೆಯ ಕಲ್ಲುಗಳು ಆ ಗಡಿಯನ್ನು ನೆಲದ ಮೇಲೆ ತೋರಿಸುತ್ತವೆ. ವಿಜಯನಗರ ಕಾಲದ ಶಾಸನಗಳಲ್ಲಿ ಕಾಣುವ ಅಷ್ಟಭೋಗಗಳು, ಅಂದರೆ ನಿಧಿ, ನಿಕ್ಷೇಪ, ಜಲ, ಪಾಷಾಣ, ಅಕ್ಷೀಣಿ, ಆಗಾಮಿ, ಸಿದ್ಧ, ಸಾಧ್ಯಗಳು, ಅನುಭೋಗದ ವ್ಯಾಪ್ತಿಯನ್ನು ಹೇಳುತ್ತವೆ. ಪತ್ರಕ್ಕೆ ಇಷ್ಟು ಬೆಲೆಯಿದ್ದುದರಿಂದಲೇ ಕೂಟಶಾಸನಗಳೂ ಹುಟ್ಟಿದವು. ಗಂಗರ ಹಲವು ತಾಮ್ರಪಟಗಳನ್ನು ಜೆ. ಎಫ್. ಫ್ಲೀಟ್ ಕೃತಕವೆಂದು ಶಂಕಿಸಿದುದು ವಿದ್ವಾಂಸರಿಗೆ ತಿಳಿದ ಸಂಗತಿ.

ಆಧುನಿಕ ಕಾನೂನಿನಲ್ಲಿ ಈ ಮೂರಕ್ಕೂ ಬೇರೆ ಬೇರೆ ದಾಖಲೆಗಳಿವೆ. 1882ರ ಸ್ವತ್ತು ವರ್ಗಾವಣೆ ಅಧಿನಿಯಮದಂತೆ ನೂರು ರೂಪಾಯಿ ಅಥವಾ ಅದಕ್ಕೂ ಮಿಗಿಲಾದ ಬೆಲೆಯ ಸ್ಥಿರಾಸ್ತಿಯ ಕ್ರಯ ನೋಂದಾಯಿತ ಪತ್ರದಿಂದಲೇ ಆಗಬೇಕು. ಪತ್ರದ ಕೊನೆಯ ಚಕ್ಕುಬಂದಿ ಶಾಸನದ ಚತುಸ್ಸೀಮೆಯ ಸ್ಥಾನದಲ್ಲಿದೆ. ಅಳತೆಗೂ ಗಡಿಗೂ ಹೊಂದಿಕೆಯಾಗದಿದ್ದರೆ ಸಾಮಾನ್ಯವಾಗಿ ಗಡಿಗೇ ಪ್ರಾಶಸ್ತ್ಯ.

ತೊಡಕು ಹುಟ್ಟುವುದು ಪಹಣಿಯ ವಿಷಯದಲ್ಲಿ. ಪಹಣಿಯ 9ನೆಯ ಕಾಲಮಿನಲ್ಲಿ ಸ್ವಾಧೀನದಾರರ ಹೆಸರೂ 12ನೆಯ ಕಾಲಮಿನಲ್ಲಿ ಸಾಗುವಳಿಯ ವಿವರವೂ ಇರುತ್ತವೆ. ಹೆಸರು ಇರುವುದೇ ಒಡೆತನವೆಂದು ಅನೇಕರು ಭಾವಿಸುತ್ತಾರೆ. 1964ರ ಕರ್ನಾಟಕ ಭೂಕಂದಾಯ ಅಧಿನಿಯಮದ 133ನೆಯ ಪ್ರಕರಣದಂತೆ ಇಂಥ ನಮೂದು ನಿಜವೆಂದು ಭಾವಿಸಲ್ಪಡುತ್ತದೆ. ಆದರೆ ವಿರುದ್ಧವಾದುದು ಸಾಬೀತಾಗುವವರೆಗೆ ಮಾತ್ರ. ಕಂದಾಯ ದಾಖಲೆಯ ನಮೂದು ಹಕ್ಕನ್ನು ಸೃಷ್ಟಿಸುವುದೂ ಇಲ್ಲ, ಕಳೆಯುವುದೂ ಇಲ್ಲವೆಂದು ಸರ್ವೋಚ್ಚ ನ್ಯಾಯಾಲಯ ಮತ್ತೆ ಮತ್ತೆ ಹೇಳಿದೆ. ‘ಭೂಮಿ’ ಯೋಜನೆ ಪಹಣಿಯನ್ನು ಗಣಕಕ್ಕೆ ತಂದಿತೇ ಹೊರತು ಈ ಸ್ವರೂಪವನ್ನು ಬದಲಿಸಲಿಲ್ಲ. ಹಕ್ಕು ಘೋಷಣೆಯ ದಾವೆಯಲ್ಲಿ ವಾದಿ ಗೆಲ್ಲಬೇಕಾದುದು ತನ್ನ ಹಕ್ಕಿನ ಬಲದಿಂದ, ಪ್ರತಿವಾದಿಯ ದೌರ್ಬಲ್ಯದಿಂದಲ್ಲ. ಕ್ರಯಪತ್ರ, ವಿಭಾಗಪತ್ರಗಳನ್ನು ಕಳೆದುಕೊಂಡು ಪಹಣಿಯೊಂದನ್ನೇ ನೆಚ್ಚಿದ ಕುಟುಂಬ ಇಲ್ಲಿ ಸಂಕಷ್ಟಕ್ಕೆ ಸಿಲುಕುತ್ತದೆ.

ಕನ್ನಡ ಅಧ್ಯಯನಕಾರರ ಹೊಣೆ ಈ ಹಂತದಲ್ಲಿ ಸ್ಪಷ್ಟವಾಗುತ್ತದೆ. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ಸಾಕ್ಷ್ಯ ಅಧಿನಿಯಮವೂ, ಹಿಂದಿನ 1872ರ ಕಾನೂನಿನಂತೆಯೇ, ಮೂವತ್ತು ವರ್ಷ ಹಳೆಯದಾದ, ಯೋಗ್ಯ ವಶದಿಂದ ಬಂದ ಪತ್ರದ ಸಹಿ ಮತ್ತು ಕೈಬರಹ ಅಸಲಿಯೆಂದು ಭಾವಿಸಲು ಅವಕಾಶ ನೀಡುತ್ತದೆ. ಒಳಗಿನ ಮಾತು ಸತ್ಯವೆಂಬ ಭರವಸೆಯನ್ನು ಅದು ಕೊಡುವುದಿಲ್ಲ. ಕಡತ ಹಾಗೂ ಮೋಡಿ ಲಿಪಿಯ ಪತ್ರಗಳನ್ನು ಓದಬಲ್ಲವರು ವಿರಳವಾಗುತ್ತಿರುವಾಗ, ಇನಾಮು, ಉಂಬಳಿ, ಭೋಗ್ಯ, ಕ್ರಯ ಎಂಬ ಪದಗಳನ್ನು ಒಂದೇ ಅರ್ಥದಲ್ಲಿ ಗ್ರಹಿಸಿದರೆ ಹಕ್ಕೇ ಕೈತಪ್ಪಬಹುದು: ಭೋಗ್ಯ ಮರಳಿ ಬಿಡಿಸಿಕೊಳ್ಳಬಹುದಾದ ಆಧಾರ, ಕ್ರಯ ಪೂರ್ಣ ವರ್ಗಾವಣೆ. ಶಾಸನಪಾಠಕ್ಕೆ ನಾವು ತೋರುವ ಎಚ್ಚರವನ್ನು ಈ ಪತ್ರಗಳಿಗೂ ತೋರುವುದು ಅಗತ್ಯ.